ತೀವ್ರ ಬಿಪಿ ಕೇಸ್‌ಗೆ ಐಸಿಡಿ ಕೋಡ್ ಹಾಕುವುದು ಹೇಗೆ?

"ಪೇಷಂಟ್ ಬಿಪಿ 220/130 ಇತ್ತು, ಯಾವ ಕೋಡ್ ಹಾಕಲಿ?" ಹಾಸನ, ಅರಸೀಕೆರೆ, ಚನ್ನರಾಯಪಟ್ಟಣದ ಆಸ್ಪತ್ರೆಗಳ ದಾಖಲೆ ವಿಭಾಗದವರು, ಇನ್ಶೂರೆನ್ಸ್ ಡೆಸ್ಕಿನವರು, ಮೆಡಿಕಲ್ ಕೋಡಿಂಗ್ ಕಲಿಯುತ್ತಿರುವ ನರ್ಸಿಂಗ್ ಮತ್ತು ಫಾರ್ಮಸಿ ಪದವೀಧರರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. ಅಷ್ಟೇ ಮಾಹಿತಿಯಿಂದ ಉತ್ತರ ಕೊಡಲು ಬರುವುದಿಲ್ಲ. ಐಸಿಡಿ ಕೋಡ್ ಎಂದರೆ ಪ್ರತಿ ಕಾಯಿಲೆಗೂ ಕೊಟ್ಟಿರುವ ಅಂತರರಾಷ್ಟ್ರೀಯ ಸಂಕೇತ. ಬಿಪಿ ಮಾಪಕ ತೋರಿಸಿದ ಸಂಖ್ಯೆಗೆ ಕೋಡ್ ಇಲ್ಲ. ವೈದ್ಯರು ಬರೆದ ರೋಗನಿರ್ಣಯಕ್ಕೆ ಕೋಡ್ ಇದೆ. ಈ ಲೇಖನದ ಎಲ್ಲ ಹಂತಗಳೂ ಈ ಒಂದು ಮಾತಿನ ಮೇಲೆ ನಿಂತಿವೆ.

ಕೋಡ್ ತಪ್ಪಿದರೆ ರೋಗಿಯ ಕ್ಲೇಮ್ ವಾರಗಟ್ಟಲೆ ನಿಲ್ಲುತ್ತದೆ. ಮುಂದಿನ ಆಸ್ಪತ್ರೆಯ ವೈದ್ಯರಿಗೆ ತಪ್ಪು ಚಿತ್ರ ಹೋಗುತ್ತದೆ. ಜಿಲ್ಲೆಯಲ್ಲಿ ಬಿಪಿಯಿಂದ ಎಷ್ಟು ಜನರಿಗೆ ಪಾರ್ಶ್ವವಾಯು ಆಯಿತು, ಎಷ್ಟು ಜನರ ಕಿಡ್ನಿ ಕೆಟ್ಟಿತು ಎಂಬ ಲೆಕ್ಕವೂ ಸುಳ್ಳಾಗುತ್ತದೆ. ಹಾಗಾಗಿ ಇದನ್ನು ಗುಮಾಸ್ತಿಕೆ ಎಂದು ಹಗುರವಾಗಿ ನೋಡಬೇಡಿ.

ಓದುವ ಮೊದಲು ಒಂದು ಸೂಚನೆ: ಇಲ್ಲಿ ಕೋಡಿನ ಮೊದಲ ಅಕ್ಷರವನ್ನು ಕನ್ನಡದಲ್ಲಿ ಬರೆದಿದೆ (ಐ10, ಓ14.1, ಎನ್18.4 ಹೀಗೆ). ದಾಖಲೆಯಲ್ಲಿ ಅದನ್ನು ಇಂಗ್ಲಿಷಿನ ದೊಡ್ಡ ಅಕ್ಷರದಲ್ಲೇ ಬರೆಯಬೇಕು.

ಕೈಗೆ ಬೇಕಾದವು

ಪೂರ್ತಿ ಕೇಸ್ ಶೀಟ್ ಬೇಕು. ಡಿಸ್ಚಾರ್ಜ್ ಸಮ್ಮರಿ ಒಂದೇ ಸಾಲದು. ದಾಖಲಾತಿ ಟಿಪ್ಪಣಿ, ರೆಫರಲ್ ಚೀಟಿ, ಕ್ರಿಯಾಟಿನಿನ್ (ಕಿಡ್ನಿಯ ಕೆಲಸ ತಿಳಿಸುವ ರಕ್ತ ಪರೀಕ್ಷೆ) ಮತ್ತು ಮೂತ್ರ ಪರೀಕ್ಷೆಯ ರಿಪೋರ್ಟ್, ಇಸಿಜಿ, ಎಕೋ, ಸಿಟಿ ಮಾಡಿಸಿದ್ದರೆ ಅದರ ರಿಪೋರ್ಟ್, ಕಣ್ಣಿನ ಪರೀಕ್ಷೆಯ ಟಿಪ್ಪಣಿ, ಇವೆಲ್ಲ ಇರಲಿ. ರೋಗಿ ಎನ್‌ಸಿಡಿ (ಬಿಪಿ, ಶುಗರ್‌ನಂಥ ಅಂಟದ ಕಾಯಿಲೆಗಳ) ಕ್ಲಿನಿಕ್ಕಿಗೆ ಹೋಗುತ್ತಿದ್ದರೆ ಅವರ ಬಿಪಿ-ಶುಗರ್ ಪುಸ್ತಕದ ನಕಲೂ ಜೊತೆಗಿರಲಿ. ಎಷ್ಟು ವರ್ಷದಿಂದ ಬಿಪಿ ಇದೆ, ಯಾವ ಮಾತ್ರೆ ನಡೆಯುತ್ತಿತ್ತು ಎಂಬುದಕ್ಕೆ ಅದಕ್ಕಿಂತ ಗಟ್ಟಿ ದಾಖಲೆ ಹಲವು ಬಾರಿ ಸಿಗುವುದಿಲ್ಲ.

ಐಸಿಡಿ ಎಂದರೆ ವಿಶ್ವ ಆರೋಗ್ಯ ಸಂಸ್ಥೆಯ ಅಂತರರಾಷ್ಟ್ರೀಯ ರೋಗ ವರ್ಗೀಕರಣ. ಅದರ ಹತ್ತನೇ ಪರಿಷ್ಕರಣೆ ಐಸಿಡಿ-10. ಇದರಲ್ಲಿ ಮೂರು ಸಂಪುಟಗಳಿವೆ: ಮೊದಲನೆಯದು ಕೋಡ್‌ಗಳ ಪಟ್ಟಿ, ಎರಡನೆಯದು ನಿಯಮಗಳು, ಮೂರನೆಯದು ಅಕಾರಾದಿ ಸೂಚಿ. ಆನ್‌ಲೈನ್‌ನಲ್ಲಿ ಅದರ 2019ರ ಆವೃತ್ತಿಯನ್ನು ಉಚಿತವಾಗಿ ನೋಡಬಹುದು.

ಹಂತ 1: ಯಾವ ಪುಸ್ತಕ ಎಂದು ಮೊದಲು ತೀರ್ಮಾನಿಸಿ

ಅತಿ ಹೆಚ್ಚು ಗೊಂದಲ ಹುಟ್ಟುವುದು ಇಲ್ಲಿ. ಐಸಿಡಿ-10ರಲ್ಲಿ ಎರಡು ರೂಪಗಳು ನಿಮ್ಮ ಕಣ್ಣಿಗೆ ಬೀಳುತ್ತವೆ. ಒಂದು ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಪುಸ್ತಕ. ಇನ್ನೊಂದು ಅಮೆರಿಕ ತನ್ನ ಬಳಕೆಗೆ ವಿಸ್ತರಿಸಿಕೊಂಡ ಐಸಿಡಿ-10-ಸಿಎಂ. ನಮ್ಮ ಆಸ್ಪತ್ರೆಯ ದಾಖಲೆಗೆ, ಮರಣ ಪ್ರಮಾಣಪತ್ರಕ್ಕೆ ಮೂಲ ಪುಸ್ತಕ. ಅಮೆರಿಕದ ಆಸ್ಪತ್ರೆಗಳಿಗಾಗಿ ಇಲ್ಲಿಂದ ಕೋಡಿಂಗ್ ಮಾಡುವವರಿಗೆ ಸಿಎಂ.

ತೀವ್ರ ರಕ್ತದೊತ್ತಡದಲ್ಲಿ ಈ ವ್ಯತ್ಯಾಸ ಎದ್ದು ಕಾಣುತ್ತದೆ. ಸಿಎಂನಲ್ಲಿ 2016ರ ಅಕ್ಟೋಬರ್ 1ರಿಂದ ಐ16 ಎಂಬ ಗುಂಪಿದೆ: ಐ16.0 ಹೈಪರ್‌ಟೆನ್ಸಿವ್ ಅರ್ಜೆನ್ಸಿ, ಐ16.1 ಹೈಪರ್‌ಟೆನ್ಸಿವ್ ಎಮರ್ಜೆನ್ಸಿ, ಐ16.9 ಯಾವುದೆಂದು ಹೇಳದ ಕ್ರೈಸಿಸ್ (ಈ ಪದಗಳ ಅರ್ಥ ಹಂತ 2ರಲ್ಲಿದೆ). ಮೂಲ ಐಸಿಡಿ-10ರಲ್ಲಿ ಐ16 ಇಲ್ಲ. ಅಲ್ಲಿ ಐ10ರಿಂದ ಐ13, ಆಮೇಲೆ ನೇರವಾಗಿ ಐ15. ಗೂಗಲ್‌ನಲ್ಲಿ ಹುಡುಕಿದರೆ ಮೊದಲು ಸಿಗುವುದು ಸಿಎಂ ಕೋಡ್. ಅದನ್ನೇ ಎತ್ತಿ ಮೂಲ ಐಸಿಡಿ-10 ಕೇಳುವ ಕಡೆ ಹಾಕಿದರೆ ಅಂಥ ಕೋಡೇ ಇಲ್ಲವೆಂದು ವಾಪಸು ಬರುತ್ತದೆ. ನಿಮ್ಮ ಸಾಫ್ಟ್‌ವೇರಿನಲ್ಲಿ ಯಾವ ಪಟ್ಟಿ ತುಂಬಿದೆ ಎಂದು ತಿಳಿಯಲು ಸುಲಭ ಪರೀಕ್ಷೆ: ಐ16 ಹುಡುಕಿ. ಬಂದರೆ ಅದು ಸಿಎಂ ಪಟ್ಟಿ.

ಹಂತ 2: ರೋಗನಿರ್ಣಯದ ಸಾಲನ್ನು ಹುಡುಕಿ, ಪದವನ್ನು ಹಾಗೇ ಬರೆದುಕೊಳ್ಳಿ

ವೈದ್ಯರು ಬಳಸುವ ಪದಗಳು ಮತ್ತು ಅವು ಎಲ್ಲಿಗೆ ಹೋಗುತ್ತವೆ ಎಂಬುದು ಹೀಗಿದೆ.

"ಎಚ್‌ಟಿಎನ್" (ಹೈಪರ್‌ಟೆನ್ಷನ್, ಅಂದರೆ ಅಧಿಕ ರಕ್ತದೊತ್ತಡದ ಸಂಕ್ಷೇಪ), "ಅನ್‌ಕಂಟ್ರೋಲ್ಡ್ ಎಚ್‌ಟಿಎನ್", "ಆಕ್ಸಿಲರೇಟೆಡ್ ಹೈಪರ್‌ಟೆನ್ಷನ್", "ಮ್ಯಾಲಿಗ್ನೆಂಟ್ ಹೈಪರ್‌ಟೆನ್ಷನ್" ಎಲ್ಲವೂ ಎರಡೂ ಪುಸ್ತಕಗಳಲ್ಲಿ ಐ10. ಹಳೆಯ ಐಸಿಡಿ-9ರಲ್ಲಿ ಮ್ಯಾಲಿಗ್ನೆಂಟ್‌ಗೆ ಬೇರೆ ಕೋಡ್ ಇತ್ತು, ಈಗ ಇಲ್ಲ. ಹಳೆಯ ನೋಟ್ಸ್ ಇಟ್ಟುಕೊಂಡು ಕಲಿತವರು ಎಡವುವುದು ಇಲ್ಲೇ. ಮ್ಯಾಲಿಗ್ನೆಂಟ್ ಎಂಬ ಪದ ನೋಡಿ ಕ್ಯಾನ್ಸರ್ ಅಧ್ಯಾಯಕ್ಕೆ ಹೋಗಬೇಡಿ.

"ಹೈಪರ್‌ಟೆನ್ಸಿವ್ ಅರ್ಜೆನ್ಸಿ" ಎಂದರೆ ಬಿಪಿ ತೀರಾ ಹೆಚ್ಚಿದೆ, ಸಾಮಾನ್ಯವಾಗಿ 180/120 ದಾಟಿದೆ, ಆದರೆ ಮೆದುಳು, ಹೃದಯ, ಕಿಡ್ನಿ, ಕಣ್ಣು, ಮಹಾಪಧಮನಿಗೆ ಹೊಸ ಪೆಟ್ಟು ಬಿದ್ದಿಲ್ಲ. "ಎಮರ್ಜೆನ್ಸಿ" ಎಂದರೆ ಅಂಥ ಪೆಟ್ಟು ಬಿದ್ದಿದೆ. ಎರಡನ್ನೂ ಬೇರ್ಪಡಿಸುವುದು ಅಂಗಕ್ಕಾದ ಹಾನಿ. 230/140 ಇದ್ದೂ ಅರ್ಜೆನ್ಸಿ ಆಗಿರಬಹುದು, 190/120 ಇದ್ದೂ ಎಮರ್ಜೆನ್ಸಿ ಆಗಿರಬಹುದು. ಎಮರ್ಜೆನ್ಸಿ ವಾರ್ಡಿನಲ್ಲಿ ಮಲಗಿಸಿದ್ದರು ಎಂಬ ಕಾರಣಕ್ಕೆ ಐ16.1 ಹಾಕುವವರಿದ್ದಾರೆ. ವಾರ್ಡಿಗೂ ಈ ಪದಕ್ಕೂ ಸಂಬಂಧವಿಲ್ಲ.

2025ರಲ್ಲಿ ಬಂದ ಅಮೆರಿಕದ ಹೃದ್ರೋಗ ಸಂಘಟನೆಗಳ ಮಾರ್ಗಸೂಚಿ "ಅರ್ಜೆನ್ಸಿ" ಬದಲು "ಸಿವಿಯರ್ ಹೈಪರ್‌ಟೆನ್ಷನ್" ಎಂಬ ಪದವನ್ನು ಮುಂದಿಟ್ಟಿದೆ. ಹೀಗಾಗಿ ಸಿಎಂ ಕೋಡರ್‌ಗಳಿಗೆ ಈ ಪದ ಹೆಚ್ಚು ಎದುರಾಗಲಿದೆ. ಅದನ್ನು ನೀವಾಗಿಯೇ ಐ16.0 ಎಂದು ಓದಿಕೊಳ್ಳಬೇಡಿ. ವೈದ್ಯರನ್ನು ಕೇಳಿ. ಉತ್ತರ ಬರದಿದ್ದರೆ ಐ10.

ಒಂದೇ ಸಲ ಬಿಪಿ ಹೆಚ್ಚು ಬಂದಿದೆ, ವೈದ್ಯರು ಅಧಿಕ ರಕ್ತದೊತ್ತಡವೆಂದು ನಿರ್ಣಯಿಸಿಲ್ಲ ಎಂದಾದರೆ ಆರ್03.0. ಹಲ್ಲು ಕೀಳಿಸಲು ಬಂದವರಲ್ಲಿ, ಕಾಲು ಮುರಿದ ನೋವಿನಲ್ಲಿ ಬಂದವರಲ್ಲಿ ಇದು ಸಾಮಾನ್ಯ. ಅವರಿಗೆ ಐ10 ಹಾಕಿದರೆ ಇಲ್ಲದ ಕಾಯಿಲೆಯೊಂದು ಅವರ ದಾಖಲೆಗೆ ಅಂಟುತ್ತದೆ.

ಹಂತ 3: ಅಂಗಾಂಗ ಹಾನಿಗೆ ಪ್ರತ್ಯೇಕ ಕೋಡ್ ಹುಡುಕಿ

ಮೂಲ ಐಸಿಡಿ-10ರಲ್ಲಿ ಎಮರ್ಜೆನ್ಸಿ ಎಂಬುದಕ್ಕೇ ಕೋಡ್ ಇಲ್ಲದ್ದರಿಂದ ಕೇಸಿನ ತೀವ್ರತೆ ಕಾಣುವುದು ಈ ಹಂತದಲ್ಲಿ ಮಾತ್ರ. ಇದನ್ನು ಬಿಟ್ಟರೆ ಐಸಿಯುನಲ್ಲಿ ಮಲಗಿದ್ದವರೂ ಮಾತ್ರೆ ಬರೆಸಿಕೊಂಡು ಹೋದವರೂ ದಾಖಲೆಯಲ್ಲಿ ಒಂದೇ ಆಗುತ್ತಾರೆ: ಬರೀ ಐ10.

ಮೆದುಳು: ಬಿಪಿಯಿಂದ ಪ್ರಜ್ಞೆ ಮಸುಕಾಗಿ "ಹೈಪರ್‌ಟೆನ್ಸಿವ್ ಎನ್ಸೆಫಲೋಪತಿ" ಎಂದು ಬರೆದಿದ್ದರೆ ಐ67.4. ಮೆದುಳಿನೊಳಗೆ ರಕ್ತಸ್ರಾವವಾದರೆ ಐ61. ಬಿಪಿಯಿಂದಾಗುವ ರಕ್ತಸ್ರಾವ ಹೆಚ್ಚಾಗಿ ಬೇಸಲ್ ಗ್ಯಾಂಗ್ಲಿಯಾದಂಥ ಆಳದ ಭಾಗದಲ್ಲಿ, ಅದು ಐ61.0. ಬ್ರೈನ್‌ಸ್ಟೆಮ್ (ಮೆದುಳಿನ ಕಾಂಡ) ಐ61.3, ಸೆರೆಬೆಲ್ಲಂ (ಕಿರುಮೆದುಳು) ಐ61.4. ರಕ್ತನಾಳ ಕಟ್ಟಿಕೊಂಡು ಮೆದುಳಿನ ಭಾಗ ಸತ್ತಿದ್ದರೆ ಐ63. ರಕ್ತಸ್ರಾವವೋ ಕಟ್ಟಿಕೊಂಡದ್ದೋ ಗೊತ್ತಾಗದಿದ್ದಾಗ ಮಾತ್ರ ಮೂಲ ಪುಸ್ತಕದ ಐ64. ಫೈಲಿನಲ್ಲಿ ಸಿಟಿ ರಿಪೋರ್ಟ್ ಇದ್ದೂ "ಸಿವಿಎ" (ಪಾರ್ಶ್ವವಾಯುವಿನ ಸಂಕ್ಷೇಪ) ಎಂಬ ಮೂರಕ್ಷರ ನೋಡಿ ಐ64 ಹಾಕುವುದು ಬಹಳ ದೊಡ್ಡ ನಷ್ಟ. ಸಿಟಿ ಮಾಡಿಸಿದ ಶ್ರಮವೆಲ್ಲ ಅಲ್ಲಿ ಅಳಿಸಿಹೋಗುತ್ತದೆ.

ಕಣ್ಣು: ಹೈಪರ್‌ಟೆನ್ಸಿವ್ ರೆಟಿನೋಪತಿಗೆ (ಬಿಪಿಯಿಂದ ಕಣ್ಣಿನ ಅಕ್ಷಿಪಟಕ್ಕಾದ ಹಾನಿಗೆ) ಮೂಲ ಪುಸ್ತಕದಲ್ಲಿ ಎಚ್35.0. ಸಿಎಂನಲ್ಲಿ ಎಚ್35.03, ಅದರ ಮುಂದಿನ ಅಂಕಿ ಬಲ, ಎಡ ಅಥವಾ ಎರಡೂ ಕಣ್ಣು ಎಂದು ಹೇಳುತ್ತದೆ.

ಮಹಾಪಧಮನಿಯ ಗೋಡೆ ಸೀಳಿದ್ದರೆ ಐ71.0. ಕಿಡ್ನಿ ಹಠಾತ್ತಾಗಿ ಕೈಕೊಟ್ಟಿದ್ದರೆ ಎನ್17. ಈ ಮೇಲಿನ ಎಲ್ಲದರ ಜೊತೆಗೂ ರಕ್ತದೊತ್ತಡದ ಕೋಡನ್ನು ಎರಡನೆಯದಾಗಿ ಸೇರಿಸಿ.

ಹಂತ 4: ಹೃದಯ ಮತ್ತು ಕಿಡ್ನಿಗೆ ಜೋಡಿ ಕೋಡ್

ಹೃದಯ ವೈಫಲ್ಯ ಮತ್ತು ದೀರ್ಘಕಾಲದ ಕಿಡ್ನಿ ಕಾಯಿಲೆ ಬಿಪಿಯ ಜೊತೆ ಬಂದಾಗ ಐ10 ಬಿಟ್ಟುಬಿಡಬೇಕು. ಎರಡನ್ನೂ ಸೇರಿಸಿದ ಕೋಡ್‌ಗಳಿವೆ. ಐ11 ಬಿಪಿಯಿಂದಾದ ಹೃದಯ ಕಾಯಿಲೆ (ಹೃದಯ ವೈಫಲ್ಯವಿದ್ದರೆ ಐ11.0, ಇಲ್ಲದಿದ್ದರೆ ಐ11.9). ಐ12 ಬಿಪಿಯಿಂದಾದ ಕಿಡ್ನಿ ಕಾಯಿಲೆ. ಐ13 ಎರಡೂ.

ಎರಡು ಪುಸ್ತಕಗಳ ನಿಯಮ ಇಲ್ಲಿ ಬೇರೆಯಾಗುತ್ತದೆ, ಗಮನವಿಟ್ಟು ಓದಿ. ಮೂಲ ಐಸಿಡಿ-10ರಲ್ಲಿ ಆ ಕಾಯಿಲೆ ಬಿಪಿಯಿಂದಲೇ ಆದದ್ದು ಎಂಬುದು ವೈದ್ಯರ ಬರಹದಲ್ಲಿರಬೇಕು. "ಹೈಪರ್‌ಟೆನ್ಸಿವ್ ಹಾರ್ಟ್ ಡಿಸೀಸ್" ಎಂದಿದ್ದರೆ ಸರಿ. "ಎಚ್‌ಟಿಎನ್, ಸಿಕೆಡಿ" (ಸಿಕೆಡಿ ಎಂದರೆ ದೀರ್ಘಕಾಲದ ಕಿಡ್ನಿ ಕಾಯಿಲೆ) ಎಂದು ಎರಡು ಪದ ಪಕ್ಕಪಕ್ಕ ಇದ್ದ ಮಾತ್ರಕ್ಕೆ ಸಂಬಂಧ ಸಿದ್ಧವಾಗುವುದಿಲ್ಲ. ಸಿಎಂನಲ್ಲಿ ಇದಕ್ಕೆ ವಿರುದ್ಧ: ಎರಡೂ ಇದ್ದರೆ ಸಂಬಂಧವಿದೆ ಎಂದೇ ಭಾವಿಸಬೇಕು, ಇಲ್ಲವೆಂದು ವೈದ್ಯರು ಸ್ಪಷ್ಟವಾಗಿ ಬರೆದಿದ್ದರೆ ಮಾತ್ರ ಬೇರ್ಪಡಿಸಬೇಕು.

ಸಿಎಂನಲ್ಲಿ ಜೋಡಿ ಕೋಡಿನ ಜೊತೆ ಹೃದಯ ವೈಫಲ್ಯದ ಬಗೆಗೆ ಐ50, ಕಿಡ್ನಿ ಕಾಯಿಲೆಯ ಹಂತಕ್ಕೆ ಎನ್18 ಕಡ್ಡಾಯ. ನಾಲ್ಕನೇ ಹಂತದವರೆಗಿನ ಕಿಡ್ನಿ ಕಾಯಿಲೆ ಮತ್ತು ಹೃದಯ ವೈಫಲ್ಯ ಸೇರಿದರೆ ಐ13.0. ಐದನೇ ಹಂತ ಅಥವಾ ಡಯಾಲಿಸಿಸ್ ಬೇಕಾದ ಕೊನೆಯ ಹಂತವಾದರೆ ಐ13.2. ಮೂಲ ಪುಸ್ತಕದ ಐ12, ಐ13ರಲ್ಲಿ ಹಂತದ ಲೆಕ್ಕವಿಲ್ಲ. ವೈದ್ಯರು "ಕಿಡ್ನಿ ವೈಫಲ್ಯ" ಎಂದು ಬರೆದಿದ್ದಾರೆಯೇ ಎಂಬುದಷ್ಟೇ ಮುಖ್ಯ.

ಬಿಪಿ ಏರಿ ಶ್ವಾಸಕೋಶದಲ್ಲಿ ನೀರು ತುಂಬಿಕೊಂಡು ಏದುಸಿರಿನಲ್ಲಿ ಬಂದ ಕೇಸುಗಳಿಗೆ ಜೆ81 ಹಾಕುವ ಅಭ್ಯಾಸ ಹಲವರಿಗಿದೆ. ಹೃದಯದ ಕಾರಣದಿಂದ ನೀರು ತುಂಬಿದ್ದರೆ ಅದು ಐ50.1ಕ್ಕೆ, ಅಂದರೆ ಎಡ ಹೃತ್ಕುಕ್ಷಿಯ ವೈಫಲ್ಯಕ್ಕೆ ಸೇರುತ್ತದೆ. ಬಿಪಿಯ ಸಂಬಂಧ ಬರೆದಿದ್ದರೆ ಐ11.0.

ಹಂತ 5: ಗರ್ಭಿಣಿ, ಬಾಣಂತಿ ಎಂದರೆ ಅಧ್ಯಾಯವೇ ಬೇರೆ

ರೋಗಿ ಗರ್ಭಿಣಿ ಎಂದು ಗೊತ್ತಾದ ಕ್ಷಣ ಐ10 ಮುಚ್ಚಿ ಓ10ರಿಂದ ಓ16 ತೆರೆಯಿರಿ. ಮೊದಲೇ ಬಿಪಿ ಇದ್ದವರಿಗೆ ಓ10, ಅದರ ಮೇಲೆ ಪ್ರೀಎಕ್ಲಾಂಪ್ಸಿಯಾ (ಬಸುರಿನಲ್ಲಿ ಬಿಪಿ ಏರಿ, ಸಾಮಾನ್ಯವಾಗಿ ಮೂತ್ರದಲ್ಲಿ ಪ್ರೋಟೀನ್ ಹೋಗುವ ಸ್ಥಿತಿ) ಬಂದರೆ ಓ11. ಗರ್ಭಧಾರಣೆಯಿಂದ ಬಂದ ಬಿಪಿ ಓ13. ತೀವ್ರ ಪ್ರೀಎಕ್ಲಾಂಪ್ಸಿಯಾ ಓ14.1, ಹೆಲ್ಪ್ ಸಿಂಡ್ರೋಮ್ (ರಕ್ತಕಣ, ಲಿವರ್‌ಗೂ ಪೆಟ್ಟು ಬೀಳುವ ಗಂಭೀರ ರೂಪ) ಓ14.2. ಫಿಟ್ಸ್ ಬಂದರೆ ಓ15: ಗರ್ಭಾವಸ್ಥೆಯಲ್ಲಿ ಓ15.0, ಹೆರಿಗೆ ಸಮಯದಲ್ಲಿ ಓ15.1, ಬಾಣಂತನದಲ್ಲಿ ಓ15.2.

ಗರ್ಭಿಣಿಯರಲ್ಲಿ 160/110 ಮುಟ್ಟಿದರೇ ವೈದ್ಯರು ತೀವ್ರ ಎಂದು ಪರಿಗಣಿಸುತ್ತಾರೆ. 180 ಆಗಿಲ್ಲವಲ್ಲ ಎಂದು ನೀವು "ತೀವ್ರ" ಪದವನ್ನು ಕೈಬಿಡಬೇಡಿ. "ಪಿಐಎಚ್" (ಗರ್ಭಧಾರಣೆಯಿಂದ ಬಂದ ಬಿಪಿ) ಎಂಬ ಹಳೆಯ ಸಂಕ್ಷೇಪ ಈಗಲೂ ಬಹಳ ಕಡೆ ಬಳಕೆಯಲ್ಲಿದೆ. ಮೂತ್ರದಲ್ಲಿ ಪ್ರೋಟೀನ್ ಹೋಗುತ್ತಿರುವ ರಿಪೋರ್ಟ್ ಫೈಲಿನಲ್ಲಿದ್ದು ಮೇಲೆ ಪಿಐಎಚ್ ಎಂದಷ್ಟೇ ಇದ್ದರೆ, ಓ13 ಹಾಕುವ ಮೊದಲು ಹೆರಿಗೆ ವಿಭಾಗದ ಮೇಡಂಗೆ ಕೇಳಲೇಬೇಕು. ತಾಯಿಯ ಮುಂದಿನ ಬಸುರಿನ ಆರೈಕೆ ಈ ಸಾಲನ್ನು ನೋಡಿ ನಡೆಯುತ್ತದೆ.

ಹಂತ 6: ಕಾರಣವನ್ನೂ ಬರೆಯಿರಿ

ಮಾತ್ರೆ ಬಿಟ್ಟದ್ದರಿಂದ ಬಿಪಿ ಏರಿತು ಎಂದು ವೈದ್ಯರು ಬರೆದಿದ್ದರೆ ಮೂಲ ಪುಸ್ತಕದಲ್ಲಿ ಝಡ್91.1 ಸೇರಿಸಿ. ಸಿಎಂನಲ್ಲಿ ಔಷಧ ಕಡಿಮೆಯಾದದ್ದಕ್ಕೆ "ಅಂಡರ್‌ಡೋಸಿಂಗ್" ಕೋಡ್ ಇದೆ, ಅದು ಮಾತ್ರೆಯ ಗುಂಪಿನ ಮೇಲೆ ಬದಲಾಗುತ್ತದೆ. ಅಮ್ಲೋಡಿಪಿನ್ ಆದರೆ ಟಿ46.1ಎಕ್ಸ್6ಎ, ಎನಲಾಪ್ರಿಲ್ ಗುಂಪು ಟಿ46.4ಎಕ್ಸ್6ಎ, ಟೆಲ್ಮಿಸಾರ್ಟನ್ ಟಿ46.5ಎಕ್ಸ್6ಎ. ದುಡ್ಡಿಲ್ಲದೆ ಬಿಟ್ಟರೆ ಝಡ್91.120 ಕೂಡ. ಈ ಕೋಡ್‌ಗಳು ಎಂದಿಗೂ ಮೊದಲ ಸ್ಥಾನಕ್ಕೆ ಬರಬಾರದು.

ಕಿಡ್ನಿಯ ರಕ್ತನಾಳ ಕಿರಿದಾಗಿ ಅಥವಾ ಅಡ್ರಿನಲ್ ಗ್ರಂಥಿಯ ಗೆಡ್ಡೆಯಿಂದ ಬಿಪಿ ಬಂದಿದ್ದರೆ ಐ15 ಮತ್ತು ಮೂಲ ಕಾಯಿಲೆಯ ಕೋಡ್, ಎರಡೂ. ಎಳೆಯ ವಯಸ್ಸಿನವರ ತೀವ್ರ ಬಿಪಿಯಲ್ಲಿ ಫೈಲಿನ ಒಳಪುಟಗಳಲ್ಲಿ ಇದು ಅಡಗಿರುವ ಸಾಧ್ಯತೆ ಹೆಚ್ಚು.

ಹಂತ 7: ಯಾವುದು ಮೊದಲು?

ಮೂಲ ಐಸಿಡಿ-10ರ ನಿಯಮ: ಚಿಕಿತ್ಸೆಯ ಕೊನೆಯಲ್ಲಿ ನಿರ್ಣಯವಾದ, ಈ ಬಾರಿಯ ಚಿಕಿತ್ಸೆ ಅಥವಾ ತಪಾಸಣೆಗೆ ಮುಖ್ಯ ಕಾರಣವಾದ ಸ್ಥಿತಿ ಮೊದಲು. ಸಿಎಂನಲ್ಲೂ ಹೆಚ್ಚುಕಡಿಮೆ ಇದೇ ತರ್ಕ, ಆದರೆ ಐ16 ಹಾಕಿದಾಗ ಐ10ರಿಂದ ಐ15ರವರೆಗಿನ ಒಂದು ಕೋಡ್ ಜೊತೆಗಿರಲೇಬೇಕು. ಐ16 ಒಂಟಿಯಾಗಿ ನಿಲ್ಲುವುದಿಲ್ಲ.

ಕೆಲವು ಮಾದರಿಗಳು:

ಸಕಲೇಶಪುರದ ಎಸ್ಟೇಟ್ ಕಾರ್ಮಿಕರೊಬ್ಬರು, ಬಿಪಿ 210/120, ತಲೆನೋವು ಮಾತ್ರ, ಎಲ್ಲ ಪರೀಕ್ಷೆ ಸರಿ. ದುಡ್ಡಿಲ್ಲದೆ ಅಮ್ಲೋಡಿಪಿನ್ ನಿಲ್ಲಿಸಿದ್ದರು. ವೈದ್ಯರು ಬರೆದದ್ದು ಹೈಪರ್‌ಟೆನ್ಸಿವ್ ಅರ್ಜೆನ್ಸಿ. ಮೂಲ ಪುಸ್ತಕ: ಐ10, ಝಡ್91.1. ಸಿಎಂ: ಐ16.0, ಐ10, ಟಿ46.1ಎಕ್ಸ್6ಎ, ಝಡ್91.120.

ಕಡೂರಿನಿಂದ ಬಂದ ರೋಗಿ, ಒಂದು ಕಡೆಯ ಕೈಕಾಲು ಸ್ವಾಧೀನವಿಲ್ಲ, ಸಿಟಿಯಲ್ಲಿ ಬೇಸಲ್ ಗ್ಯಾಂಗ್ಲಿಯಾ ರಕ್ತಸ್ರಾವ, ನಿರ್ಣಯ ಹೈಪರ್‌ಟೆನ್ಸಿವ್ ಎಮರ್ಜೆನ್ಸಿ. ಮೂಲ ಪುಸ್ತಕ: ಐ61.0, ಐ10, ಪಾರ್ಶ್ವವಾಯುವಿಗೆ ಜಿ81. ಸಿಎಂ: ಐ61.0, ಐ16.1, ಐ10, ಜಿ81. ಐ69 ಹಳೆಯ ಪಾರ್ಶ್ವವಾಯುವಿನ ಉಳಿಕೆಗೆ ಇರುವುದು, ಇಲ್ಲಿ ಬೇಡ.

ಬೇಲೂರಿನ 32 ವಾರದ ಗರ್ಭಿಣಿ, 170/115, ತೀವ್ರ ಪ್ರೀಎಕ್ಲಾಂಪ್ಸಿಯಾ ಎಂದು ಬರೆದಿದೆ, ಮೊದಲು ಬಿಪಿ ಇರಲಿಲ್ಲ. ಮೂಲ ಪುಸ್ತಕ: ಓ14.1. ಸಿಎಂ: ಓ14.13, ಜೊತೆಗೆ ವಾರ ಸೂಚಿಸುವ ಝಡ್3ಎ.32.

ಹಂತ 8: ಸ್ಪಷ್ಟವಿಲ್ಲದಿದ್ದರೆ ಬರಹದಲ್ಲಿ ಕೇಳಿ

ನಮ್ಮ ಭಾಗದಲ್ಲಿ ಬಹಳ ಕೇಸುಗಳು ತಾಲ್ಲೂಕು ಆಸ್ಪತ್ರೆಯಿಂದ ಹಾಸನದ ಹಿಮ್ಸ್‌ಗೋ (ಸರ್ಕಾರಿ ವೈದ್ಯಕೀಯ ಕಾಲೇಜು ಆಸ್ಪತ್ರೆ) ಚಿಕ್ಕಮಗಳೂರು ಜಿಲ್ಲಾ ಆಸ್ಪತ್ರೆಗೋ ರೆಫರ್ ಆಗಿ ಬರುತ್ತವೆ. ಮೊದಲ ಆಸ್ಪತ್ರೆಯಲ್ಲಿ ಬಿಪಿ ಇಳಿಸುವ ಲ್ಯಾಬೆಟಲಾಲ್ ಇಂಜೆಕ್ಷನ್ ಕೊಟ್ಟು ಕಳಿಸಿರುತ್ತಾರೆ. ಘಾಟಿ ಇಳಿದೋ ಹತ್ತಿಯೋ ಇಲ್ಲಿಗೆ ತಲುಪುವಷ್ಟರಲ್ಲಿ ಬಿಪಿ 160ಕ್ಕೆ ಬಂದಿರುತ್ತದೆ. ದಾಖಲಾತಿ ಪುಟದಲ್ಲಿ 160/100, ಸಮ್ಮರಿಯಲ್ಲಿ "ಎಚ್‌ಟಿಎನ್". ಏನಾಗಿತ್ತು ಎಂಬುದು ರೆಫರಲ್ ಚೀಟಿಯಲ್ಲಿ ಮಾತ್ರ ಉಳಿದಿರುತ್ತದೆ. ಆ ಚೀಟಿಯನ್ನು ಫೈಲಿಗೆ ಪಿನ್ ಮಾಡಿಸಿಕೊಳ್ಳುವ ಅಭ್ಯಾಸ ನಿಮ್ಮ ಆಸ್ಪತ್ರೆಯಲ್ಲಿ ಇಲ್ಲದಿದ್ದರೆ ಇವತ್ತೇ ಶುರು ಮಾಡಿಸಿ.

ವೈದ್ಯರಿಗೆ ಕಳಿಸುವ ಚೀಟಿ ಉತ್ತರವನ್ನು ಬಾಯಿಗೆ ತುರುಕುವಂತಿರಬಾರದು. "ಸರ್, ಎಮರ್ಜೆನ್ಸಿ ಎಂದು ಬರೆದುಕೊಡಿ" ಎಂಬುದು ತಪ್ಪು. ಹೀಗೆ ಬರೆಯಬಹುದು:

"ಸರ್, ಈ ಐಪಿ ನಂಬರಿನ ರೋಗಿಯ ರೆಫರಲ್ ಚೀಟಿಯಲ್ಲಿ ಬಿಪಿ 220/130 ಇದೆ. ಕ್ರಿಯಾಟಿನಿನ್ ದಾಖಲಾದ ದಿನ 2.8, ಎರಡು ತಿಂಗಳ ಹಿಂದಿನ ರಿಪೋರ್ಟಿನಲ್ಲಿ 1.1. ಸಮ್ಮರಿಯಲ್ಲಿ ಎಚ್‌ಟಿಎನ್ ಎಂದಿದೆ. ರಕ್ತದೊತ್ತಡದ ಸ್ಥಿತಿ ಮತ್ತು ಕ್ರಿಯಾಟಿನಿನ್ ಏರಿಕೆಯ ಬಗ್ಗೆ ತಮ್ಮ ನಿರ್ಣಯ ದಯವಿಟ್ಟು ದಾಖಲಿಸಿ: ಅರ್ಜೆನ್ಸಿ / ಎಮರ್ಜೆನ್ಸಿ / ಇವೆರಡೂ ಅಲ್ಲ / ಬೇರೆ / ಹೇಳಲಾಗದು."

ಫೋನಿನಲ್ಲಿ ಕೇಳಿ ನೀವೇ ತಿದ್ದಬೇಡಿ. ವೈದ್ಯರ ಕೈಬರಹ, ಸಹಿ, ದಿನಾಂಕ ಫೈಲಿನಲ್ಲಿರಬೇಕು.

ಹಂತ 9: ಕ್ಲೇಮ್ ಮತ್ತು ಮರಣ ಪತ್ರ

ಖಾಸಗಿ ವಿಮೆಯ ಕ್ಲೇಮ್ ಫಾರ್ಮಿನ "ಬಿ" ಭಾಗವನ್ನು ಆಸ್ಪತ್ರೆ ತುಂಬಬೇಕು. ಅದರಲ್ಲಿ ಮುಖ್ಯ ರೋಗನಿರ್ಣಯ, ಹೆಚ್ಚುವರಿ ರೋಗನಿರ್ಣಯ, ಸಹ-ಕಾಯಿಲೆಗಳಿಗೆ ಬೇರೆ ಬೇರೆ ಐಸಿಡಿ-10 ಕೋಲಂಗಳಿವೆ. ಮೆದುಳಿನ ರಕ್ತಸ್ರಾವದ ಕೇಸಿನಲ್ಲಿ ಐ10 ಮುಖ್ಯ ಕೋಲಂಗೆ ಬಿದ್ದರೆ, ಬಿಪಿಗೆ ಇಷ್ಟು ದಿನ ಐಸಿಯು ಏಕೆ ಎಂಬ ಪ್ರಶ್ನೆ ಬರುತ್ತದೆ. ಬಿಪಿ ಎಷ್ಟು ವರ್ಷದಿಂದ ಎಂಬುದನ್ನೂ ಕೇಳುತ್ತಾರೆ, ಏಕೆಂದರೆ ಪಾಲಿಸಿಗೆ ಮೊದಲೇ ಇದ್ದ ಕಾಯಿಲೆಗೆ ಕಾಯುವ ಅವಧಿಯಿದೆ. 2024ರ ನಿಯಮದಂತೆ ಅದು ಗರಿಷ್ಠ 36 ತಿಂಗಳು. ಅವಧಿ ತಪ್ಪಿಸಲು ವರ್ಷವನ್ನೋ ಕೋಡನ್ನೋ ಬದಲಿಸಿ ಎಂದು ಯಾರೇ ಒತ್ತಾಯಿಸಲಿ, ಒಪ್ಪಬೇಡಿ. ಅದು ವಂಚನೆ, ಸಿಕ್ಕಿಬಿದ್ದರೆ ರೋಗಿಯ ಪಾಲಿಸಿಯೇ ರದ್ದಾಗಬಹುದು. ಆಯುಷ್ಮಾನ್ ಭಾರತ್ – ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಹಣ ನಿರ್ಧರಿಸುವುದು ಪ್ಯಾಕೇಜ್ ಕೋಡ್. ಅದನ್ನು ಐಸಿಡಿ ಕೋಲಂನಲ್ಲಿ ಬರೆಯಬೇಡಿ.

ಆಸ್ಪತ್ರೆಯಲ್ಲಿ ಸಾವು ಸಂಭವಿಸಿದರೆ ಕಾರಣ ಬರೆಯುವುದು ನಮೂನೆ 4ರಲ್ಲಿ, ಆಸ್ಪತ್ರೆಯ ಹೊರಗೆ ಆದರೆ 4ಎ. ಮೊದಲ ಸಾಲಿನಲ್ಲಿ ಮೆದುಳಿನ ರಕ್ತಸ್ರಾವ, ಕೆಳಗಿನ ಸಾಲಿನಲ್ಲಿ ಅಧಿಕ ರಕ್ತದೊತ್ತಡ ಎಂದು ವೈದ್ಯರು ಬರೆದಿದ್ದರೆ, ಮರಣ ಕೋಡಿಂಗ್ ನಿಯಮದಂತೆ ಐ10 ಬದಲು ಐ61 ಆಯ್ಕೆಯಾಗುತ್ತದೆ. "ಹೃದಯ ಸ್ತಂಭನ" ಒಂದನ್ನೇ ಬರೆದ ಪತ್ರ ಬಂದರೆ ಮರಳಿಸಿ. ಅದು ಸಾಯುವ ರೀತಿ, ಕಾರಣವಾಗುವುದಿಲ್ಲ.

ಹಂತ 10: ಕಂಪ್ಯೂಟರಿಗೆ ಏರಿಸುವಾಗ

ಇಂಗ್ಲಿಷಿನ "ಐ" ಅಕ್ಷರ ಮತ್ತು ಅಂಕಿ 1, "ಓ" ಅಕ್ಷರ ಮತ್ತು ಸೊನ್ನೆ ನೋಡಲು ಒಂದೇ ಥರ. ಐ10 ಹೋಗಿ 110 ಆಗುತ್ತದೆ. ಓ14.1ರ ಓ ಬದಲು ಸೊನ್ನೆ ಒತ್ತಿದರೆ ಎಕ್ಸೆಲ್ ಆ ಸೊನ್ನೆಯನ್ನೇ ನುಂಗಿ 14.1 ಎಂದು ಉಳಿಸುತ್ತದೆ. ಕೋಲಂ ಅನ್ನು ಮೊದಲೇ ಟೆಕ್ಸ್ಟ್ ಮಾದರಿಗೆ ಬದಲಿಸಿಕೊಳ್ಳಿ. ಐ10ಕ್ಕೆ ಚುಕ್ಕೆಯ ನಂತರದ ಅಂಕಿ ಎರಡೂ ಪುಸ್ತಕಗಳಲ್ಲಿ ಇಲ್ಲ. ನಾಲ್ಕು ಅಕ್ಷರ ತುಂಬಿಸಲೆಂದು ಐ10.0 ಅಥವಾ ಐ10.9 ಬರೆಯಬೇಡಿ.

2022ರ ಜನವರಿಯಿಂದ ಜಾರಿಗೆ ಬಂದ ಐಸಿಡಿ-11ರಲ್ಲಿ ಐ10ರ ಜಾಗದಲ್ಲಿ ಬಿಎ00 ಇದೆ, ಮತ್ತು ಹೈಪರ್‌ಟೆನ್ಸಿವ್ ಕ್ರೈಸಿಸ್‌ಗೆ ಬಿಎ03 ಎಂಬ ಸ್ವಂತ ಕೋಡ್ ಸಿಕ್ಕಿದೆ. ನಿಮ್ಮ ಆಸ್ಪತ್ರೆ ಅದಕ್ಕೆ ಬದಲಾಗುವವರೆಗೆ ಎರಡನ್ನೂ ಒಂದೇ ಕೋಲಂನಲ್ಲಿ ಬೆರೆಸಬೇಡಿ. ಬದಲಾದ ದಿನಾಂಕವನ್ನು ರಿಜಿಸ್ಟರಿನ ಮೊದಲ ಪುಟದಲ್ಲೇ ಬರೆದಿಡಿ.